ದೊಡ್ಡಮ್ಮ ಸುಮ್ಮನೆ ಕೂತ ಒಂಬತ್ತು ಭಾನುವಾರ

ನಮ್ಮ ದೊಡ್ಡಮ್ಮ ಸುಮ್ಮನೆ ಕೂತದ್ದನ್ನು ನಾನು ಕಂಡಿಲ್ಲ. ಊಟಕ್ಕೆ ಕೂತರೆ ಒಂದು ಕೈ ಬಾಯಿಗೆ ಹೋಗುತ್ತಿರುವಾಗ ಇನ್ನೊಂದು ಕೈ ನೆಲದ ಮೇಲಿನ ಚೂರು ಆರಿಸುತ್ತಿರುತ್ತದೆ. ಬಸ್ಸಿನಲ್ಲಿ ಕೂತರೆ ಮುಂದಿನ ಸೀಟಿನವರ ಕಾಲರಿಗೆ ಅಂಟಿದ ದಾರ ಕೀಳುತ್ತಾಳೆ, ಅವರು ಯಾರೆಂದೂ ನೋಡುವುದಿಲ್ಲ. ಅಂಥವಳು ಒಂದಲ್ಲ ಎರಡಲ್ಲ, ಒಂಬತ್ತು ಭಾನುವಾರ ಪಾರ್ಕಿನ ಬೆಂಚಿನ ಮೇಲೆ ಬಾಯಿ ಮುಚ್ಚಿಕೊಂಡು ಕೂತಿದ್ದಳು ಎಂದು ಅಜ್ಜಿ ಹೇಳಿದಾಗ ನಾನು ನಂಬಲಿಲ್ಲ. ಅದು ನಡೆದಾಗ ನಾನು ತೊಟ್ಟಿಲಲ್ಲಿದ್ದೆ. ಆದ್ದರಿಂದ ದೊಡ್ಡಮ್ಮ, ದೊಡ್ಡಪ್ಪ, ಅಜ್ಜಿ, ಅಂಚೆಯಣ್ಣ, ಪಕ್ಕದ ಮನೆಯವಳು, ಕೊನೆಗೆ ಪಾರ್ಕಿನ ಕಾವಲುಗಾರ, ಎಲ್ಲರನ್ನೂ ಬೇರೆ ಬೇರೆಯಾಗಿ ಕೂರಿಸಿಕೊಂಡು ಕೇಳಿದ್ದೇನೆ. ಅವರ ಮಾತು ಒಂದಕ್ಕೊಂದು ಹೊಂದದ ಕಡೆ ಹೊಂದುವುದಿಲ್ಲ ಎಂದೇ ಬರೆದಿದ್ದೇನೆ.

ದೊಡ್ಡಮ್ಮ ನಗರಸಭೆಯಲ್ಲಿ ಗುಡಿಸುವ ಕೆಲಸದವಳು. ಅವಳ ಪಾಲಿಗೆ ಬಂದದ್ದು ಊರ ನಡುವಿನ ದೊಡ್ಡ ಪಾರ್ಕು. ಕಚೇರಿಯವರು ಹೊಸ ಪೊರಕೆ ಕೊಟ್ಟರೆ ಅದನ್ನು ಹಾಗೆಯೇ ಹಿಡಿಯುವುದಿಲ್ಲ. ಕಟ್ಟು ಬಿಚ್ಚುತ್ತಾಳೆ, ಕಡ್ಡಿಗಳನ್ನು ಉದ್ದದ ಪ್ರಕಾರ ಜೋಡಿಸುತ್ತಾಳೆ, ಹಳೆಯ ಸೈಕಲ್ ಟ್ಯೂಬಿನ ಪಟ್ಟಿಯಿಂದ ಮತ್ತೆ ಬಿಗಿದು ಕಲ್ಲಿನ ಮೇಲೆ ಕುಟ್ಟಿ ಬುಡ ಸಮ ಮಾಡುತ್ತಾಳೆ. ಅವಳ ಪೊರಕೆ ಹೋದ ದಾರಿಯಲ್ಲಿ ಮಣ್ಣಿನ ಮೇಲೆ ಬಾಚಿದ ತಲೆಯಂತೆ ಗೆರೆ ಮೂಡುತ್ತದೆ. ಮಾತೂ ಹಾಗೆಯೇ, ಒಂದು ಕಡೆಯಿಂದ ಬಾಚಿಕೊಂಡು ಬರುತ್ತದೆ. ನಮ್ಮ ಓಣಿಯಲ್ಲಿ ಅವಳಿಗೆ ‘ಪಟಾಕಿ’ ಎಂದು ಹೆಸರು. ಎದುರಿಗೆ ಕರೆಯುವ ಧೈರ್ಯ ಅಜ್ಜಿಗೆ ಮಾತ್ರ.

ಅಜ್ಜಿ ಎಂದರೆ ಅವಳ ಅತ್ತೆ, ನಮ್ಮ ತಂದೆಯ ತಾಯಿ. ಅದೇ ಪಾರ್ಕನ್ನು ಅಜ್ಜಿ ಮೂವತ್ತು ವರ್ಷ ಗುಡಿಸಿದ್ದಳು. ಅಲ್ಲಿ ನಲವತ್ತೆರಡು ಬೆಂಚುಗಳಿವೆ, ಕಬ್ಬಿಣದ ಕಾಲಿನವು, ಮರದ ಪಟ್ಟಿಯವು. ಪ್ರತಿ ಶನಿವಾರ ಅವನ್ನು ಸೋಪು ನೀರು ಹಾಕಿ ಬ್ರಷ್ಷಿನಿಂದ ತಿಕ್ಕಿ ತೊಳೆಯಬೇಕು. ಯಾವ ಬೆಂಚಿನ ಕಾಲು ಕುಂಟು, ಯಾವುದರ ಮೊಳೆ ಮೇಲೆದ್ದು ಬಟ್ಟೆ ಹರಿಯುತ್ತದೆ, ಯಾವುದು ಹಕ್ಕಿಗಳ ಪಾಲಿನದು, ಅಜ್ಜಿಗೆ ಎಲ್ಲ ಗೊತ್ತಿತ್ತು. ಕೂತರೆ ಹೇಗಿರುತ್ತದೆ ಎಂಬುದೊಂದು ಗೊತ್ತಿರಲಿಲ್ಲ. ಪಾರ್ಕಿನ ಗೇಟಿನಲ್ಲಿ ಒಂದು ಬೋರ್ಡಿತ್ತು: “ಬೀದಿ ಗುಡಿಸುವವರು, ಕಸ ಎತ್ತುವವರು ಮತ್ತು ಅವರ ಮನೆಮಂದಿ ಕೆಲಸದ ಹೊತ್ತಿನ ಹೊರತು ಒಳಗೆ ಬರತಕ್ಕದ್ದಲ್ಲ. ಬೆಂಚುಗಳ ಮೇಲೆ ಕೂರತಕ್ಕದ್ದಲ್ಲ.” ಇದನ್ನು ಯಾರು ಯಾವಾಗ ಬರೆಸಿದರು ಎಂದು ಯಾರೂ ಕೇಳಿರಲಿಲ್ಲ. ನಮ್ಮ ಓಣಿಯ ಮಕ್ಕಳು ಪಾರ್ಕನ್ನು ಕಂಬಿಗಳ ಹೊರಗಿನಿಂದ ನೋಡಿ ಬಲ್ಲವರು.

ಅಜ್ಜಿ ಕೆಲಸದಿಂದ ನಿವೃತ್ತಳಾದ ಮರುವರ್ಷ ಒಂದು ಬೆಳಿಗ್ಗೆ ದೊಡ್ಡಮ್ಮ ತಿಂಡಿಯ ಡಬ್ಬಿ ಮನೆಯಲ್ಲೇ ಬಿಟ್ಟು ಹೋದಳು. ಅಜ್ಜಿ ಅದನ್ನು ತೆಗೆದುಕೊಂಡು ಪಾರ್ಕಿಗೆ ನಡೆದಳು. ಒಳಗೆ ಬರುವಷ್ಟರಲ್ಲಿ ಮಂಡಿ ಹಿಡಿದುಕೊಂಡಿತು. ಗೇಟಿನ ಪಕ್ಕದ ಬೆಂಚಿನ ಮೇಲೆ ಕೂತಳು.

ಕಾವಲುಗಾರ ಬಂದ. ಅವನಿಗೆ ಎಲ್ಲರೂ ‘ಮೀಸೆ’ ಎನ್ನುತ್ತಿದ್ದರು. ಮೀಸೆ ಇರಲಿಲ್ಲ, ಹಿಂದೆ ಯಾವಾಗಲೋ ಇತ್ತಂತೆ.

“ಅಜ್ಜಿ, ಏಳಿ. ರೂಲ್ಸು ಗೊತ್ತಲ್ಲ ನಿಮಗೆ.”

“ಒಂದ್ನಿಮಿಷ ತಡಿಯಪ್ಪಾ. ಮಂಡಿ ಹಿಡ್ಕೊಂಡಿದೆ.”

“ಸಾಹೇಬ್ರು ಬರೋ ಹೊತ್ತು. ನೆಲದ ಮೇಲೆ ಕೂತ್ಕೊಳ್ಳಿ, ನಾನೇನೂ ಅನ್ನಲ್ಲ.”

ಅಜ್ಜಿ ಬೆಂಚಿನ ತೋಳು ಹಿಡಿದುಕೊಂಡು ಇಳಿದು ನೆಲದ ಮೇಲೆ ಕೂತಳು. ಸ್ವಲ್ಪ ದೂರದಿಂದ ದೊಡ್ಡಮ್ಮ ಇದನ್ನು ನೋಡಿದಳು. ಓಡಿ ಬಂದವಳೇ ಪೊರಕೆ ಬೀಸಿದಳು. ಮೀಸೆಯ ಟೋಪಿ ಹಾರಿ ಕಾರಂಜಿಯ ತೊಟ್ಟಿಗೆ ಬಿತ್ತು. ಟೋಪಿಗೆ ಮಾತ್ರ ತಗಲಿತು ಎಂದು ದೊಡ್ಡಮ್ಮ ಹೇಳುತ್ತಾಳೆ. ಕಿವಿಗೂ ತಗಲಿತ್ತು ಎಂದು ಮೀಸೆ ಹೇಳುತ್ತಾನೆ.

ಅವಳನ್ನು ಒಂದು ವಾರ ಮನೆಗೆ ಕಳಿಸಿದರು. ಇನ್ನೊಮ್ಮೆ ಕೈ ಎತ್ತಿದರೆ ಕೆಲಸ ಹೋಗುತ್ತದೆ ಎಂದು ಕಾಗದ ಬಂತು. ಊರಿಡೀ ಟೋಪಿಯ ಮಾತು. ಅಂಗಡಿಯಲ್ಲಿ, ನಲ್ಲಿಯ ಹತ್ತಿರ, ಬಸ್ಸಿನಲ್ಲಿ ಎಲ್ಲ ಕಡೆ ಟೋಪಿ. ಅರವತ್ತು ದಾಟಿದ ಹೆಂಗಸು ಮಂಡಿ ಹಿಡಿದುಕೊಂಡು ನೆಲಕ್ಕೆ ಇಳಿದ ಮಾತನ್ನು ಒಬ್ಬರೂ ಎತ್ತಲಿಲ್ಲ. ಅಜ್ಜಿ ಆಮೇಲೆ ಆ ರಸ್ತೆಗೇ ಹೋಗಲಿಲ್ಲ. ಮಾರುಕಟ್ಟೆಗೆ ಸುತ್ತು ಹಾಕಿಕೊಂಡು ಹೋಗತೊಡಗಿದಳು. ದೊಡ್ಡಮ್ಮ ಇದನ್ನು ನೋಡಿ ನೋಡಿ ಒಂದು ದಿನ ಪಾತ್ರೆ ತಿಕ್ಕುತ್ತಾ, “ನಮ್ಮತ್ತೆ ಆ ಬೆಂಚಿನ ಮೇಲೆ ಕೂರ್ಬೇಕು. ಯಾರೂ ಏಳಿ ಅನ್ಬಾರ್ದು. ನನಗೆ ಬೇರೇನೂ ಬೇಡ,” ಎಂದಳು.

ಎಚ್ಚರಿಕೆಯ ಕಾಗದ ತಂದುಕೊಟ್ಟವನು ಅಂಚೆಯಣ್ಣ. ನಮ್ಮ ಓಣಿಗೆ ಇಪ್ಪತ್ತು ವರ್ಷದಿಂದ ಕಾಗದ ಹಂಚುವವನು. ಹರೆಯದಲ್ಲಿ ಇನ್ನೊಂದು ಊರಿನಲ್ಲಿದ್ದಾಗ, ಕೆಲವರಿಗೆ ಊಟ ಹಾಕದ ಒಂದು ಹೋಟೆಲಿಗೆ ದಿನವೂ ಹೋಗಿ ಕೂತು ಬಾಗಿಲು ತೆರೆಸಿದ ಗುಂಪಿನಲ್ಲಿ ಅವನಿದ್ದ. ಆ ದಿನ ಕಾಗದ ಹಂಚುತ್ತಾ ಬಂದಾಗ ಪಾತ್ರೆ ತಿಕ್ಕುವಾಗಿನ ಮಾತು ಅವನ ಕಿವಿಗೆ ಬಿತ್ತು. ಚೀಲವನ್ನು ಬಾಗಿಲಲ್ಲಿಟ್ಟು ಒಳಗೆ ಬಂದು ಕೂತ.

“ಅಕ್ಕಾ, ಟೋಪಿ ಹಾರಿಸಿದ್ರಿ, ಜನ ಟೋಪಿ ನೋಡಿದ್ರು. ಅಜ್ಜಿನ ನೋಡ್ಬೇಕು ಅಂದ್ರೆ ಬೇರೆ ದಾರಿ ಇದೆ. ಬೆಂಚಿನ ಮೇಲೆ ಹೋಗಿ ಕೂತ್ಕೋಬೇಕು.”

“ಅಷ್ಟೇನಾ?”

“ಅಷ್ಟೇ. ಬೈದ್ರೆ ತಿರುಗಿ ಬೈಬಾರ್ದು. ತಳ್ಳಿದ್ರೆ ಕೈ ಎತ್ಬಾರ್ದು. ಹೆದರಿಸಿದ್ರೆ ಓಡ್ಬಾರ್ದು. ಹೋಗೋ ಮುಂಚೆ, ಇಂಥ ದಿನ ಇಂಥ ಹೊತ್ತಿಗೆ ಬರ್ತೀವಿ ಅಂತ ಸಾಹೇಬ್ರಿಗೂ ಪೊಲೀಸ್ರಿಗೂ ಕಾಗದ ಬರೀಬೇಕು.”

“ಮುಂಚೇನೇ ಹೇಳಿಬಿಟ್ರೆ ಗೇಟಲ್ಲೇ ಹಿಡೀತಾರಲ್ಲ. ನಿಮ್ಮ ತಲೆ ನೆಟ್ಟಗಿದೆಯಾ?”

“ಕದಿಯೋಕೆ ಹೋಗೋವ್ರು ಹೇಳಲ್ಲ ಅಕ್ಕಾ. ನಾವು ಕದಿಯೋಕೆ ಹೋಗ್ತಿಲ್ವಲ್ಲ.”

ಓಣಿಯ ಜನ ನಮ್ಮ ಅಡುಗೆಮನೆಯಲ್ಲಿ ಸೇರಿದರು. ಕೆಲಸವನ್ನೇ ನಿಲ್ಲಿಸೋಣ, ಊರು ಕೊಳೆಯಲಿ ಎಂದು ಒಬ್ಬರು ಹೇಳಿದರು. ಪಕ್ಕದ ಮನೆಯ ‘ಗುಬ್ಬಿ’ ಒಪ್ಪಲಿಲ್ಲ. ಗುಬ್ಬಿ ಬಹಳ ಕುಳ್ಳಗಿನ ಹೆಂಗಸು, ದೊಡ್ಡಮ್ಮನ ಜೊತೆಯಲ್ಲೇ ಗುಡಿಸುವವಳು. “ಕೆಲಸ ನಿಲ್ಲಿಸಿದ್ರೆ ಜನರ ಕಣ್ಣಿಗೆ ಕಸ ಬೀಳುತ್ತೆ. ಕಾಣ್ಬೇಕಾಗಿರೋದು ನಾವು,” ಎಂದಳು. ವಾರದಲ್ಲಿ ಆರು ದಿನ ಎಂದಿಗಿಂತ ಚೆನ್ನಾಗಿ ಗುಡಿಸುವುದು, ಏಳನೆಯ ದಿನ ಒಳ್ಳೆಯ ಬಟ್ಟೆ ಹಾಕಿಕೊಂಡು ಹೋಗಿ ಕೂರುವುದು ಎಂದು ತೀರ್ಮಾನವಾಯಿತು. ಹನ್ನೊಂದು ಜನ ಹೆಸರು ಕೊಟ್ಟರು. ಅಂಚೆಯಣ್ಣ ಪಟ್ಟಿಯನ್ನು ನೋಡಿ ತಲೆ ಕೆರೆದುಕೊಂಡ. “ಹತ್ತು ಜನರ ಬಗ್ಗೆ ಚಿಂತೆ ಇಲ್ಲ,” ಎಂದ. ಹನ್ನೊಂದನೆಯವಳು ಯಾರೆಂದು ಎಲ್ಲರಿಗೂ ತಿಳಿಯಿತು. ಅವಳು ಒಂದು ಸಲ ತಾಳ್ಮೆ ತಪ್ಪಿ ಕೈ ಎತ್ತಿದರೆ ಅವಳ ಕೆಲಸವೂ ಹೋಗುತ್ತದೆ, ಉಳಿದವರ ಶ್ರಮವೂ ಹೋಗುತ್ತದೆ.

“ಅಭ್ಯಾಸ ಮಾಡ್ತೀನಿ,” ಎಂದಳು ದೊಡ್ಡಮ್ಮ.

ಅಭ್ಯಾಸ ಮನೆಯಲ್ಲೇ ನಡೆಯಿತು. ಎರಡು ಸ್ಟೂಲಿನ ಮೇಲೆ ಒಂದು ಹಲಗೆ ಇಟ್ಟರೆ ಬೆಂಚು. ಕಾವಲುಗಾರನ ಪಾತ್ರ ದೊಡ್ಡಪ್ಪನದು. ದೊಡ್ಡಪ್ಪ ಬೇಕರಿಯಲ್ಲಿ ಹಿಟ್ಟು ಕಲಸುವವರು. ಅವರ ಬಾಯಲ್ಲಿ ಗಟ್ಟಿಯಾದ ಮಾತು ಬಂದದ್ದನ್ನು ಕೇಳಿದವರಿಲ್ಲ.

“ಬೈರೀ,” ಎಂದಳು ದೊಡ್ಡಮ್ಮ.

“ಏನಂತ ಬೈಲಿ?”

“ನಿಮಗೆ ನನ್ನ ಮೇಲೆ ಒಂದೂ ಸಿಟ್ಟಿಲ್ವಾ? ಇಷ್ಟು ವರ್ಷ ಆಯ್ತು.”

ದೊಡ್ಡಪ್ಪ ಬಹಳ ಹೊತ್ತು ಯೋಚಿಸಿದರು. “ಏಯ್, ಏಳಮ್ಮಾ... ಕಷ್ಟ ಆದ್ರೆ ಆಮೇಲೆ ಏಳು,” ಎಂದರು.

ಮೂಲೆಯಲ್ಲಿ ಬಟ್ಟೆ ಮಡಚುತ್ತಿದ್ದ ಅಜ್ಜಿ, ಮಡಚುತ್ತಿದ್ದುದನ್ನು ಕೆಳಗಿಟ್ಟಳು. “ಸರಿ ಹೋಗು ಆ ಕಡೆ. ನಿನ್ನ ಕೈಲಾಗಲ್ಲ, ನಾನ್ ಬೈತೀನಿ,” ಎಂದು ಎದ್ದು ಬಂದಳು. ಮಂಡಿ ನೋವು ಇದ್ದ ಹಾಗೆ ಕಾಣಲಿಲ್ಲ ಎಂದು ದೊಡ್ಡಪ್ಪ ಹೇಳುತ್ತಾರೆ.

“ಏನೇ ಪಟಾಕಿ, ಯಾರಪ್ಪನ ಬೆಂಚು ಅಂತ ಕೂತಿದ್ದೀಯ? ನೀನು ಮದುವೆಯಾಗಿ ಬಂದ ದಿನ ಮಾಡಿದ ಅಡುಗೆನ ನಮ್ಮನೆ ಬೆಕ್ಕೂ ಮೂಸಿ ನೋಡ್ಲಿಲ್ಲ. ನಿಮ್ಮಪ್ಪನ ಮನೇಲಿ ಉಪ್ಪು ಅಂದ್ರೆ ಯಾವ ಬಣ್ಣ ಅಂತ ಗೊತ್ತಿತ್ತಾ? ನನ್ನ ಮಗ ನಿನ್ನ ನೋಡೋಕೆ ಬಂದ ದಿನ ಅವನ ಕನ್ನಡಕ ಒಡೆದೋಗಿತ್ತು, ಇಲ್ಲಾಂದ್ರೆ...”

“ಕನ್ನಡಕ ಒಡೆದಿರ್ಲಿಲ್ಲ. ನೀವೇ ಬಂದು ನಮ್ಮಪ್ಪನ ಕಾಲು ಹಿಡ್ಕೊಂಡ್ರಿ,” ಎಂದು ದೊಡ್ಡಮ್ಮ ಹಲಗೆಯಿಂದ ಎದ್ದೇಬಿಟ್ಟಳು. ಗಡಿಯಾರ ನೋಡಿದರೆ ಅರ್ಧ ನಿಮಿಷವೂ ಆಗಿರಲಿಲ್ಲ.

ಬಾಯಿ ತುಂಬ ನೀರು ಇಟ್ಟುಕೊಂಡು ಕೂರಲು ಅಂಚೆಯಣ್ಣ ಸಲಹೆ ಕೊಟ್ಟ. ಮರುದಿನ ಸಂಜೆ ಹಾಗೇ ಕೂತಳು. ಅಜ್ಜಿ ಉಪ್ಪಿನಿಂದ ಶುರು ಮಾಡಿ ಕನ್ನಡಕಕ್ಕೆ ಬಂದಾಗ ದೊಡ್ಡಮ್ಮನಿಗೆ ನಗು ತಡೆಯಲಿಲ್ಲ. ನೀರೆಲ್ಲ ಅಜ್ಜಿಯ ಮುಖದ ಮೇಲೆ. ಆದರೂ ಹತ್ತು ಹದಿನೈದು ದಿನದಲ್ಲಿ ದೊಡ್ಡಮ್ಮ ಅರ್ಧ ಗಂಟೆ ಮಾತಿಲ್ಲದೆ ಕೂರುವುದನ್ನು ಕಲಿತಳು. ಬೈಯುವುದಕ್ಕೆ ಓಣಿಯವರೆಲ್ಲ ಸರದಿಯಲ್ಲಿ ಬಂದರು. ಅಷ್ಟು ಸಂತೋಷದಿಂದ ಬಂದರು ಎಂದರೆ, ಕೆಲವರು ಎರಡನೆಯ ಸಲ ಸರದಿ ನಿಲ್ಲುತ್ತಿದ್ದರಂತೆ.

ಮೊದಲ ಭಾನುವಾರ ಹನ್ನೊಂದು ಜನ ಗೇಟಿನಿಂದ ಒಳಗೆ ಹೋಗಿ ಮೂರು ಬೆಂಚುಗಳ ಮೇಲೆ ಕೂತರು. ಬೆಳಗಿನ ವಾಕಿಂಗಿಗೆ ಬಂದವರು ನಿಂತು ನೋಡಿದರು. ಮೀಸೆ ಬಂದು ಏಳಿ ಎಂದ. ಯಾರೂ ಏಳಲಿಲ್ಲ. ಅವನು ಕೂಗಿದ, ಹೆದರಿಸಿದ, ಟೋಪಿಯ ಹಳೆಯ ಲೆಕ್ಕವನ್ನೆಲ್ಲ ತೆಗೆದ. ದೊಡ್ಡಮ್ಮ ಎದುರಿನ ಮರದ ಎಲೆ ಎಣಿಸುತ್ತಾ ಕೂತಿದ್ದಳು. ಅವಳಿಗೆ ತನ್ನ ಮೇಲೆ ತನಗೇ ಹೆಮ್ಮೆಯಾಗುತ್ತಿತ್ತು.

ಇಪ್ಪತ್ತು ನಿಮಿಷ ಕಳೆಯಿತು. ಹಿಂದಿನ ಬೆಂಚಿನಲ್ಲಿ ಒಬ್ಬರು ಕಿತ್ತಳೆ ಹಣ್ಣು ಸುಲಿದು ತಿನ್ನುತ್ತಿದ್ದರು. ಸಿಪ್ಪೆಯನ್ನು ಪಕ್ಕಕ್ಕೆ ಎಸೆದರು. ದೊಡ್ಡಮ್ಮ ಎದ್ದಳು, ಸಿಪ್ಪೆ ಎತ್ತಿ ಬುಟ್ಟಿಗೆ ಹಾಕಿದಳು. ಬುಟ್ಟಿಯ ಹತ್ತಿರ ಒಂದು ಕಾಗದ ಬಿದ್ದಿತ್ತು, ಅದನ್ನೂ ಎತ್ತಿದಳು. ಅದರ ಆಚೆ ಒಂದಿಷ್ಟು ಒಣಗಿದ ಎಲೆ. ಗುಬ್ಬಿಯೂ ಎದ್ದು ಬಂದು ಎಲೆಗಳನ್ನು ಕಾಲಲ್ಲಿ ಒಟ್ಟು ಮಾಡಿದಳು. ಇನ್ನೊಬ್ಬಳು ಬೆಂಚಿನ ಮೇಲಿದ್ದ ಹಕ್ಕಿಯ ಹಿಕ್ಕೆಯನ್ನು ತನ್ನ ಕರ್ಚೀಫಿನಿಂದ ಒರೆಸತೊಡಗಿದಳು. ಯಾರಿಗೂ ತಾವು ಏನು ಮಾಡುತ್ತಿದ್ದೇವೆ ಎಂಬ ಅರಿವಿಲ್ಲ. ಐದು ನಿಮಿಷದಲ್ಲಿ ಹನ್ನೊಂದರಲ್ಲಿ ಏಳು ಜನ ಬೆನ್ನು ಬಾಗಿಸಿ ಪಾರ್ಕು ಚೊಕ್ಕ ಮಾಡುತ್ತಿದ್ದರು.

ಆಗ ಪಾರ್ಕಿನ ಅಧಿಕಾರಿ ಬಂದರು. ಕಾಗದಪತ್ರ ಬಲ್ಲ ಮನುಷ್ಯ, ದನಿ ಎತ್ತುವವರಲ್ಲ.

“ಏನಮ್ಮಾ, ಕೆಲಸ ಮಾಡ್ತಿದ್ದೀರಾ? ತುಂಬಾ ಸಂತೋಷ. ಕಸ ಎತ್ತೋವ್ರು ಅಂದ್ರೆ ಕೆಲಸದವ್ರು. ಕೆಲಸದವ್ರು ಕೂರೋ ಹಾಗಿಲ್ಲ. ನೀವೇ ಒಪ್ಪಿಕೊಂಡ ಹಾಗಾಯ್ತು.”

ದೊಡ್ಡಮ್ಮ ಕೈಯಲ್ಲಿದ್ದ ಎಲೆಗಳನ್ನು ನೋಡಿಕೊಂಡಳು. ಅಂದು ಎಲ್ಲರೂ ತಲೆ ತಗ್ಗಿಸಿಕೊಂಡು ಮನೆಗೆ ಬಂದರು. ಅಜ್ಜಿ ಬಾಗಿಲಲ್ಲೇ ಕಾಯುತ್ತಿದ್ದಳು. ವಿಷಯ ಕೇಳಿ ಗೋಡೆಗೆ ಒರಗಿ ನಕ್ಕಳು.

“ಬಾಯಿಗೆ ಬೀಗ ಹಾಕಿದ್ವಿ, ಕೈಗೆ ಹಾಕೋದು ಮರೆತೇ ಹೋಯ್ತಲ್ಲೇ.”

“ನೀವಾಗಿದ್ರೆ ಏನ್ ಮಾಡ್ತಿದ್ರಿ ಅತ್ತೆ?”

“ನಾನಾ? ನಾನು ಸಿಪ್ಪೆ ಬೀಳೋಕ್ ಮುಂಚೆನೇ ಹಿಡಿದಿರ್ತಿದ್ದೆ.”

ಮತ್ತೆ ಅಭ್ಯಾಸ. ಈ ಸಲ ಅಜ್ಜಿ ಈರುಳ್ಳಿ ಸಿಪ್ಪೆ, ಹರಿದ ಕಾಗದ, ಚಿಂದಿ ಬಟ್ಟೆ ಎಲ್ಲ ತಂದು ಅಡುಗೆಮನೆಯ ನೆಲದ ಮೇಲೆ ಚೆಲ್ಲುತ್ತಿದ್ದಳು. ಹನ್ನೊಂದು ಜನ ಹಲಗೆ, ಮೆಟ್ಟಿಲು, ಹೊಸ್ತಿಲು ಸಿಕ್ಕಿದಲ್ಲಿ ಕೂತು ಅದನ್ನು ನೋಡುತ್ತಿರಬೇಕು. ಬೈಗುಳ ತಡೆದುಕೊಳ್ಳುವುದಕ್ಕಿಂತ ಇದು ಕಷ್ಟ ಎಂದು ದೊಡ್ಡಮ್ಮ ಈಗಲೂ ಹೇಳುತ್ತಾಳೆ. ಬೈಗುಳ ಕಿವಿಯ ಪಕ್ಕ ಹಾದುಹೋಗುತ್ತದೆ, ಸಿಪ್ಪೆ ಅಲ್ಲೇ ಬಿದ್ದಿರುತ್ತದೆ. ಅವಳು ಎರಡೂ ಕೈಗಳನ್ನು ತೊಡೆಯ ಕೆಳಗೆ ಹಾಕಿಕೊಂಡು ಕೂರುತ್ತಿದ್ದಳು. ಒಂದು ಸಂಜೆ ನೋಡುತ್ತಿದ್ದ ಹಾಗೆಯೇ ಕಸ ಕಡಿಮೆಯಾಗುತ್ತಾ ಹೋಯಿತು. ಯಾರೆಂದು ನೋಡಿದರೆ ದೊಡ್ಡಪ್ಪ ಬಾಗಿಲ ಹಿಂದೆ ಕೂತು ಒಂದೊಂದೇ ಸಿಪ್ಪೆ ಎತ್ತಿ ಜೇಬಿಗೆ ಹಾಕಿಕೊಳ್ಳುತ್ತಿದ್ದರು.

“ನಿಮ್ಮನ್ನ ಯಾರ್ರೀ ಕರೆದ್ರು?”

“ನೀನು ಒದ್ದಾಡೋದು ನೋಡೋಕಾಗ್ಲಿಲ್ಲ ಕಣೇ,” ಎಂದರು ದೊಡ್ಡಪ್ಪ.

ಎರಡನೆಯ ಭಾನುವಾರ ಯಾರೂ ಏಳಲಿಲ್ಲ. ಮೂರನೆಯ ಭಾನುವಾರ ಪೊಲೀಸ್ ವ್ಯಾನು ಬಂತು. ಹತ್ತಿ ಎಂದರು, ಹತ್ತಿದರು. ಸ್ಟೇಷನ್ನಿನಲ್ಲಿ ಇನ್ಸ್‌ಪೆಕ್ಟರು ಪುಸ್ತಕ ತೆರೆದು ಪೆನ್ನು ಹಿಡಿದರು.

“ಏನ್ ಮಾಡ್ತಿದ್ರು ಇವ್ರು?”

“ಕೂತಿದ್ರು ಸಾರ್,” ಎಂದ ಪೇದೆ.

“ಕೂತ್ಕೊಂಡು?”

“ಕೂತ್ಕೊಂಡು... ಕೂತಿದ್ರು ಸಾರ್.”

“ಗಲಾಟೆ?”

“ನಮ್ಮ ಕಡೆಯಿಂದ ಸ್ವಲ್ಪ ಆಯ್ತು ಸಾರ್.”

ಇನ್ಸ್‌ಪೆಕ್ಟರು ಪೆನ್ನಿನ ಮುಚ್ಚಳ ಹಾಕಿದರು. “ಹೆಂಗಸ್ರನ್ನ ನಿಲ್ಲಿಸಿಕೊಂಡು ಏನ್ ನೋಡ್ತೀಯ? ಆ ಬೆಂಚಿನ ಮೇಲೆ ಕೂರ್ಸು ಮೊದ್ಲು,” ಎಂದರು.

ಮೊದಲು ನಕ್ಕವಳು ಗುಬ್ಬಿ. ಆಮೇಲೆ ದೊಡ್ಡಮ್ಮ. ನಗಬಾರದು ಎಂದು ಅಂಚೆಯಣ್ಣ ಎಲ್ಲೂ ಹೇಳಿರಲಿಲ್ಲ. ನಗುವಿಗೆ ಕಾರಣ ಇನ್ಸ್‌ಪೆಕ್ಟರಿಗೆ ಸ್ವಲ್ಪ ತಡವಾಗಿ ಹೊಳೆಯಿತು. ಅವರು ಮುಖ ತಿರುಗಿಸಿ ಕಿಟಕಿಯ ಹೊರಗೆ ಏನೋ ಇದ್ದ ಹಾಗೆ ನೋಡಿದರು. ಮಧ್ಯಾಹ್ನ ಎಲ್ಲರಿಗೂ ಟೀ ಕೊಟ್ಟು ಕಳಿಸಿದರು. ಟೀ ಬಗ್ಗೆ ಮಾತ್ರ ಒಮ್ಮತವಿಲ್ಲ. ಸಕ್ಕರೆ ಇರಲಿಲ್ಲ ಎಂದು ಗುಬ್ಬಿ ಹೇಳುತ್ತಾಳೆ.

ವಾರಗಳು ಕಳೆದ ಹಾಗೆ ಮೀಸೆ ಸೋತುಹೋದ. ಅವನೇ ನನಗೆ ಹೇಳಿದ್ದು: “ಎದುರು ಮಾತಾಡೋವ್ರಾದ್ರೆ ಬೈಯೋಕೆ ಉತ್ಸಾಹ ಬರುತ್ತೆ. ಗೋಡೆಗೆ ಎಷ್ಟು ಅಂತ ಬೈಯೋದು?” ಐದನೆಯ ಭಾನುವಾರ ಅವನು ಬಂದು ಬೆಂಚಿನ ಮುಂದೆ ನಿಂತು, “ಇವತ್ತೂ ಹೇಳ್ಬೇಕಲ್ವಾ?” ಎಂದು ಕೇಳಿದ.

“ಹೇಳಿ, ಹೇಳಿ. ನಿಮ್ಮ ಕೆಲಸ,” ಎಂದಳು ದೊಡ್ಡಮ್ಮ.

“ಏಳಿ.”

“ಏಳಲ್ಲ.”

“ಸರಿ,” ಎಂದು ಹೋದ.

ಎಲ್ಲ ದಿನವೂ ಹೀಗೆ ಹಗುರವಾಗಿರಲಿಲ್ಲ. ಆರನೆಯ ಭಾನುವಾರ, ಇದನ್ನು ಸಹಿಸದ ಊರಿನ ಕೆಲವರು ಬೆಂಚಿನ ಮೇಲೆ ಮೊದಲೇ ಗ್ರೀಸು ಹಚ್ಚಿದ್ದರು. ಎಲ್ಲರ ಒಳ್ಳೆಯ ಬಟ್ಟೆ ಹಾಳಾಯಿತು. ಅವರಲ್ಲೊಬ್ಬ ದೊಡ್ಡಮ್ಮನ ಮುಖದ ಹತ್ತಿರ ಬಗ್ಗಿ, “ನಿಮ್ಮ ಮುದುಕಿಗೆ ನೆಲಾನೇ ಸರಿ. ಅಲ್ಲೇ ಹುಟ್ಟಿದ್ದು, ಅಲ್ಲೇ ಇರ್ಲಿ,” ಎಂದ. ಅಜ್ಜಿ ಅಡುಗೆಮನೆಯಲ್ಲಿ ಬೈದದ್ದರಲ್ಲಿ ಇಂಥದ್ದು ಇರಲಿಲ್ಲ. ದೊಡ್ಡಮ್ಮನ ಬಲಗೈ ತೊಡೆಯ ಕೆಳಗಿನಿಂದ ಹೊರಗೆ ಬಂತು. ಗುಬ್ಬಿ ಅದನ್ನು ಹಿಡಿದುಕೊಂಡಳು. ಗುಬ್ಬಿಯ ಕೈ ಬಹಳ ಚಿಕ್ಕದು, ಕಿತ್ತುಕೊಳ್ಳುವುದು ಕಷ್ಟವಿರಲಿಲ್ಲ. ದೊಡ್ಡಮ್ಮ ಕಿತ್ತುಕೊಳ್ಳಲಿಲ್ಲ. ಕಣ್ಣೀರು ಇಳಿಯಿತು, ಒರೆಸಿಕೊಳ್ಳಲೂ ಇಲ್ಲ. ಆ ಮನುಷ್ಯ ಸ್ವಲ್ಪ ಹೊತ್ತು ಕಾದು, ಸುತ್ತಲೂ ನಿಂತು ನೋಡುತ್ತಿದ್ದವರನ್ನು ನೋಡಿ, ಹೊರಟುಹೋದ. ಅಂದು ಜನ ಮನೆಗೆ ಹೋಗಿ ಟೋಪಿಯ ಮಾತು ಆಡಲಿಲ್ಲ. ಗ್ರೀಸಿನ ಮಾತು ಆಡಿದರು, ಮುದುಕಿ ಯಾರು ಎಂದು ಕೇಳಿದರು. ಮಂಡಿ ನೋವಿನ ಅಜ್ಜಿಯ ಕತೆ ಪತ್ರಿಕೆಯಲ್ಲಿ ಒಂದು ಬೆರಳುದ್ದ ಬಂತು.

ಆ ಬೆರಳುದ್ದದ ಸುದ್ದಿಯಿಂದ ಒಂಬತ್ತನೆಯ ಭಾನುವಾರ ನಗರಸಭೆಯ ಸದಸ್ಯೆಯೊಬ್ಬರು ಪಾರ್ಕಿಗೆ ಬಂದು ನೋಡುವುದೆಂದಾಯಿತು. ಅಧಿಕಾರಿಗೆ ಮೊದಲ ವಾರದ ನೆನಪಿತ್ತು. ಅಂದು ಬೆಳಿಗ್ಗೆ ಎರಡು ಬುಟ್ಟಿ ಕಸವನ್ನು ಆ ಮೂರು ಬೆಂಚುಗಳ ಸುತ್ತ ಸುರಿಸಿದರು. ಕಡಲೆಕಾಯಿ ಸಿಪ್ಪೆ, ಕಾಗದದ ಲೋಟ, ಹಣ್ಣಿನ ಬೀಜ, ಹೂವಿನ ಒಣಗಿದ ಕಾಂಡ. ಇವರು ಎದ್ದು ಗುಡಿಸಲು ತೊಡಗಿದಾಗ ಸದಸ್ಯೆ ಬಂದರೆ ಸಾಕು, ಮಾತೇ ಬೇಕಿಲ್ಲ.

ಹನ್ನೊಂದು ಜನ ಕಸದ ನಡುವೆ ಕಾಲಿಟ್ಟುಕೊಂಡು ಕೂತರು. ಗಾಳಿಗೆ ಒಂದು ಕಾಗದದ ಲೋಟ ಉರುಳಿ ಬಂದು ದೊಡ್ಡಮ್ಮನ ಚಪ್ಪಲಿಗೆ ತಗಲಿ ನಿಂತಿತು. ಅವಳ ಬೆರಳುಗಳು ಬೆಂಚಿನ ಪಟ್ಟಿಯನ್ನು ಕೆರೆಯುತ್ತಿದ್ದವು. ಗುಬ್ಬಿ ಕಣ್ಣು ಮುಚ್ಚಿಕೊಂಡುಬಿಟ್ಟಳು.

ಬಿಳಿ ತಲೆಯ ಒಬ್ಬ ಯಜಮಾನರು ಕೋಲೂರಿಕೊಂಡು ಬಂದರು. ದಿನವೂ ವಾಕಿಂಗಿಗೆ ಬರುವವರು, ಒಂಬತ್ತು ವಾರದಿಂದ ದೂರ ನಿಂತು ನೋಡಿದವರು.

“ಏನಮ್ಮಾ, ಇಷ್ಟೊಂದು ಕಸ ಬಿದ್ದಿದೆ. ಎತ್ತಲ್ವಾ?”

ಅದು ಬೈಗುಳವಲ್ಲ, ಪ್ರಶ್ನೆ. ಪ್ರಶ್ನೆಗೆ ಉತ್ತರ ಕೊಡಬಹುದಿತ್ತು.

“ನಾಳೆ ಬೆಳಿಗ್ಗೆ ಐದು ಗಂಟೆಗೆ ಬಂದು ಎತ್ತೀನಿ ಯಜಮಾನ್ರೇ. ಇವತ್ತು ರಜೆ. ಇವತ್ತು ನಾನೂ ನಿಮ್ಮ ಹಾಗೆ ಸುಮ್ನೆ ಬಂದಿದ್ದೀನಿ.”

ಯಜಮಾನರು ಕಸವನ್ನು ನೋಡಿದರು, ಅವಳನ್ನು ನೋಡಿದರು. ಕೋಲನ್ನು ಬೆಂಚಿಗೆ ಒರಗಿಸಿ, ಬೆಂಚು ಹಿಡಿದುಕೊಂಡು ಬಗ್ಗಿ, ಚಪ್ಪಲಿಯ ಹತ್ತಿರದ ಲೋಟ ಎತ್ತಿದರು. ಏಳುವಾಗ ಸೊಂಟ ಹಿಡಿದುಕೊಂಡಿತು. “ಅಯ್ಯಯ್ಯಪ್ಪ,” ಎನ್ನುತ್ತಾ ದೊಡ್ಡಮ್ಮನ ಪಕ್ಕದಲ್ಲೇ ಕೂತುಬಿಟ್ಟರು.

“ಇದನ್ನ ದಿನಾ ಮಾಡ್ತೀರಾ?”

“ದಿನಾ.”

“ಸೊಂಟ ಏನೂ ಅನ್ನಲ್ವಾ?”

“ಅನ್ನುತ್ತೆ. ಅದಕ್ಕೇ ಕೂರೋಕೆ ಬಂದಿದ್ದು.”

ಯಜಮಾನರ ಜೊತೆ ನಡೆಯುವ ಇನ್ನಿಬ್ಬರು ಹತ್ತಿರ ಬಂದಿದ್ದರು. ಅವರಲ್ಲಿ ಒಬ್ಬರು ಸಿಪ್ಪೆಗಳನ್ನು ಪತ್ರಿಕೆಯ ಮೇಲೆ ಬಳಿದುಕೊಂಡರು. ಮೊದಲ ಭಾನುವಾರ ಕಿತ್ತಳೆ ತಿಂದವರೂ ಅವತ್ತು ಇದ್ದರಂತೆ, ಅವರು ಬಹಳ ನಾಚಿಕೊಂಡು ಬೀಜ ಆರಿಸಿದರು ಎಂದು ಗುಬ್ಬಿ ಹೇಳುತ್ತಾಳೆ. ಕಣ್ಣು ಮುಚ್ಚಿಕೊಂಡಿದ್ದವಳಿಗೆ ಹೇಗೆ ಕಂಡಿತು ಎಂದು ನಾನು ಕೇಳಿದೆ. ಒಂದು ಕಣ್ಣು ತೆರೆದಿತ್ತಂತೆ. ಅಂತೂ ಸದಸ್ಯೆ ಅಧಿಕಾರಿಯ ಜೊತೆ ಬಂದಾಗ ಏಳೆಂಟು ಜನ ವಾಕಿಂಗಿನವರು ಬಗ್ಗಿ ಕಸ ಎತ್ತುತ್ತಿದ್ದರು. ಗುಡಿಸುವವರು ಕೂತಿದ್ದರು.

ಸದಸ್ಯೆ ಆಚೀಚೆ ನೋಡಿದರು. “ಇದರಲ್ಲಿ ಕೆಲಸದವ್ರು ಯಾರು?”

“ಕೂತಿದ್ದಾರಲ್ಲ ಮೇಡಂ, ಅವ್ರು,” ಎಂದರು ಅಧಿಕಾರಿ.

“ಕಸ ಎತ್ತೋವ್ರೇ ಕೆಲಸದವ್ರು, ಕೆಲಸದವ್ರು ಕೂರೋ ಹಾಗಿಲ್ಲ ಅಂತ ತಾನೇ ನೀವು ನನಗೆ ಕಾಗದದಲ್ಲಿ ಬರೆದಿದ್ದು?”

“ಹೌದು ಮೇಡಂ.”

“ಹಾಗಾದ್ರೆ ಈಗ ಯಾರನ್ನ ಎಬ್ಬಿಸ್ತೀರಿ?”

ಅಧಿಕಾರಿ ಸುತ್ತ ನೋಡಿದರು. ದೊಡ್ಡಮ್ಮನ ಪಕ್ಕ ಕೂತಿದ್ದ ಯಜಮಾನರು ಕೈಯಲ್ಲಿದ್ದ ಲೋಟವನ್ನು ಎತ್ತಿ ತೋರಿಸಿ, “ನಾನು ಒಂದೇ ಎತ್ತಿದ್ದು. ನಾನು ಏಳ್ಬೇಕಾ?” ಎಂದು ಕೇಳಿದರು. ಬಹಳ ಪ್ರಾಮಾಣಿಕವಾಗಿ ಕೇಳಿದರಂತೆ. ಮೊದಲು ನಕ್ಕವನು ಮೀಸೆ. ಅದನ್ನು ಅವನೇ ಒಪ್ಪಿಕೊಂಡಿದ್ದಾನೆ.

ಬೋರ್ಡು ತೆಗೆಯಲು ಇನ್ನೂ ಇಪ್ಪತ್ತಮೂರು ದಿನ, ಎರಡು ಸಭೆ, ಮೂರು ಸಹಿ ಬೇಕಾಯಿತು. ತೆಗೆದ ದಿನ ಕಂಬದಲ್ಲಿ ನಾಲ್ಕು ತೂತು ಮಾತ್ರ ಉಳಿದವು. ಅಧಿಕಾರಿ ತಮ್ಮ ಕುರ್ಚಿಯಲ್ಲೇ ಇದ್ದರು, ದೊಡ್ಡಮ್ಮನಿಗೆ ಅದರ ಬಗ್ಗೆ ದೂರಿರಲಿಲ್ಲ. ಅವರು ಎದುರು ಸಿಕ್ಕಾಗ ಹೊಸ ಪೊರಕೆಗಳು ಸರಿಯಿಲ್ಲ ಎಂದು ಎಂದಿನಂತೆ ಜಗಳ ಮಾಡಿದಳು. ಬೆಂಚಿನ ಮೇಲೆ ಮಾತ್ರ ಬಾಯಿ ಮುಚ್ಚಿಕೊಳ್ಳುವ ಒಪ್ಪಂದ ಇದ್ದದ್ದು.

ಮುಂದಿನ ಭಾನುವಾರ ಅವಳು ಅಜ್ಜಿಯನ್ನು ಹೊರಡಿಸಿದಳು. ಅಜ್ಜಿ ಬರುವುದಿಲ್ಲ ಎಂದಳು, ಬಟ್ಟೆ ಇಲ್ಲ ಎಂದಳು, ಮಂಡಿ ಎಂದಳು. ದೊಡ್ಡಪ್ಪ ಬೇಕರಿಯ ತಳ್ಳುಗಾಡಿ ತರುತ್ತೇನೆ, ಅದರಲ್ಲಿ ಕೂರಿಸಿಕೊಂಡು ಹೋಗೋಣ ಎಂದ ಮೇಲೆ, ಬನ್ನಿನ ಹಾಗೆ ಹೋಗಲಾರೆ ಎಂದು ನಡೆದೇ ಹೊರಟಳು. ಗೇಟಿನ ಹತ್ತಿರ ಬಂದಾಗ ಕಾಲು ತಾನಾಗಿ ಸುತ್ತುದಾರಿಗೆ ತಿರುಗಿತು. ದೊಡ್ಡಮ್ಮ ತೋಳು ಹಿಡಿದು ಒಳಗೆ ಕರೆದುಕೊಂಡು ಹೋದಳು. ಮೀಸೆ ತನ್ನ ಜಾಗದಲ್ಲಿ ನಿಂತಿದ್ದ. ಬನ್ನಿ ಎಂದೂ ಅನ್ನಲಿಲ್ಲ, ಏಳಿ ಎಂದೂ ಅನ್ನಲಿಲ್ಲ, ಬೇರೆ ಎಲ್ಲರನ್ನೂ ನೋಡುವ ಹಾಗೆ ನೋಡಿ ಸುಮ್ಮನಾದ. ದೊಡ್ಡಮ್ಮನಿಗೆ ಬೇಕಾದದ್ದು ಅದೇ.

ಅಜ್ಜಿ ಕೂತಳು. ಹಿಂದೆ ಒರಗಿದಳು, ಮುಂದೆ ಬಂದಳು, ಪಟ್ಟಿಯ ಮೇಲೆ ಕೈಯಾಡಿಸಿದಳು.

“ಹೇಗಿದೆ ಅತ್ತೆ?” ಎಂದು ದೊಡ್ಡಮ್ಮ ಕೇಳಿದಳು.

“ಮೂವತ್ತು ವರ್ಷ ತೊಳೆದೆ. ಇಷ್ಟು ಗಟ್ಟಿ ಅಂತ ಗೊತ್ತೇ ಇರ್ಲಿಲ್ಲ ಕಣೇ. ಜನ ಹೇಗೆ ಗಂಟೆಗಟ್ಟಲೆ ಕೂರ್ತಾರೋ.”

“ಸಾಕಾದ್ರೆ ಹೋಗೋಣ.”

ಅಜ್ಜಿ ಕಾಲು ಚಾಚಿದಳು. ಎದುರಿಗೆ ಕಾರಂಜಿ ಚಿಮ್ಮುತ್ತಿತ್ತು. ಓಣಿಯ ಮಕ್ಕಳು ಅದರ ಸುತ್ತ ಓಡುತ್ತಿದ್ದರು, ಒಂದು ಮಗು ಕೈಯನ್ನು ನೀರಿಗೆ ಹಿಡಿದು ನಿಂತಿತ್ತು. ಬಿಸಿಲು ಮರದ ಸಂದಿನಿಂದ ಅವಳ ಮಡಿಲಿನ ಮೇಲೆ ಬೀಳುತ್ತಿತ್ತು. ಅರ್ಧ ಗಂಟೆಯಾಯಿತು. ದೊಡ್ಡಮ್ಮ ಎರಡು ಸಲ ಎದ್ದು ಎರಡು ಸಲ ಕೂತಳು.

“ಅತ್ತೆ, ಅಡುಗೆ ಹೊತ್ತಾಯ್ತು. ಏಳಿ.”

“ಏಳಲ್ಲ,” ಎಂದಳು ಅಜ್ಜಿ. “ಇವತ್ತಿನ ಅಡುಗೆ ನೀನೇ ಮಾಡು ಹೋಗು. ಉಪ್ಪು ನೋಡಿ ಹಾಕು.”